ತೀರ್ಪುಗಾರನಿಗೂ ದಂಡ: ಕಲ್ಯಾಣದ ಮಿತಾಕ್ಷರದಲ್ಲಿ ನ್ಯಾಯವಿಚಾರಣೆ

ಜಪಾನಿನ ಎದೋ ನಗರದಲ್ಲಿ 1717ರಿಂದ 1736ರವರೆಗೆ ನಗರಾಧಿಕಾರಿಯಾಗಿದ್ದ ಓಓಕ ತದಸುಕೆಯ ಹೆಸರಿನಲ್ಲಿ ಜಾಣ ತೀರ್ಪಿನ ಕಥೆಗಳು ಹೇರಳವಾಗಿವೆ. ಅವುಗಳಲ್ಲಿ ಬಹುಪಾಲು ಜನರ ಕಲ್ಪನೆ. ತೊಡಕನ್ನು ಬಿಡಿಸುವುದು ನ್ಯಾಯಾಧೀಶನ ಬುದ್ಧಿ ಎಂಬುದೇ ಆ ಕಥೆಗಳ ತಿರುಳು. ಕಲ್ಯಾಣದಲ್ಲಿ ರಚನೆಯಾದ 'ಮಿತಾಕ್ಷರ'ವು ಬುದ್ಧಿಗಿಂತ ವಿಚಾರಣೆಯ ಕ್ರಮವನ್ನು ನೆಚ್ಚುತ್ತದೆ ಎಂಬುದು ಈ ಲೇಖನದ ಪ್ರತಿಪಾದನೆ.

ಕಲ್ಯಾಣ, ಅಂದರೆ ಇಂದಿನ ಬಸವಕಲ್ಯಾಣ, ಚಾಲುಕ್ಯ ಆರನೆಯ ವಿಕ್ರಮಾದಿತ್ಯನ (1076–1126) ರಾಜಧಾನಿಯಾಗಿತ್ತು. ಹುಮನಾಬಾದ್ ತಾಲ್ಲೂಕಿನ ಜಲಸಂಗಿ ದೇವಾಲಯದ ಶಿಲಾಸುಂದರಿ ಈ ದೊರೆಯ ಕೀರ್ತಿಯನ್ನೇ ಬರೆಯುತ್ತಿದ್ದಾಳೆ. ಮಿತಾಕ್ಷರವನ್ನು ಬರೆದ ವಿಜ್ಞಾನೇಶ್ವರನೂ ಗ್ರಂಥದ ಕೊನೆಯಲ್ಲಿ ಕಲ್ಯಾಣವನ್ನೂ ದೊರೆಯನ್ನೂ ಹೊಗಳುತ್ತಾನೆ. ಆದರೆ ಆತ ವ್ಯಾಖ್ಯಾನಿಸುವ ಯಾಜ್ಞವಲ್ಕ್ಯ ಸ್ಮೃತಿಯ ವ್ಯವಹಾರಾಧ್ಯಾಯ ದೊರೆಯನ್ನು ಒಬ್ಬನೇ ತೀರ್ಪು ಕೊಡಲು ಬಿಡುವುದಿಲ್ಲ. ಕ್ರೋಧ, ಲೋಭಗಳಿಲ್ಲದೆ ವಿದ್ವಾಂಸರೊಡನೆ ಕುಳಿತು ಆತ ವಿಚಾರಿಸಬೇಕು. ರಾಗ, ಲೋಭ ಅಥವಾ ಭಯದಿಂದ ತಪ್ಪು ನಿರ್ಣಯ ಕೊಟ್ಟ ಸಭ್ಯರಿಗೆ (ನ್ಯಾಯಸಭೆಯ ಸದಸ್ಯರಿಗೆ), ಒಬ್ಬೊಬ್ಬರಿಗೂ, ಸೋತವನು ತೆರಬೇಕಾದ ದಂಡದ ಇಮ್ಮಡಿ.

ವಿಚಾರಣೆಗೆ ನಾಲ್ಕು ಪಾದಗಳು: ವಾದಿಯ ದೂರು, ಪ್ರತಿವಾದಿಯ ಉತ್ತರ, ಪ್ರಮಾಣ, ಸಿದ್ಧಿ. ದೂರನ್ನು ಪ್ರತಿವಾದಿಯ ಎದುರಿನಲ್ಲೇ ವರ್ಷ, ಮಾಸ, ಪಕ್ಷ, ದಿನ, ಹೆಸರುಗಳೊಂದಿಗೆ ಬರೆಯಬೇಕು. ಉತ್ತರವನ್ನು ವಾದಿಯ ಎದುರಿನಲ್ಲಿ ಬರೆಯಬೇಕು. ಪತ್ರ, ಅನುಭೋಗ, ಸಾಕ್ಷಿ ಇವು ಮೂರು ಪ್ರಮಾಣಗಳು. ಇವು ಯಾವುವೂ ಇಲ್ಲದಾಗ ಮಾತ್ರ ದಿವ್ಯ, ಅಂದರೆ ದೈವಿಕ ಪರೀಕ್ಷೆ.

ಕಠಿಣ ಪ್ರಕರಣವೊಂದನ್ನು ನೋಡಬಹುದು. ಒಡೆಯ ಕಣ್ಣಾರೆ ಕಂಡೂ ಸುಮ್ಮನಿದ್ದಾಗ ಪರರು ಇಪ್ಪತ್ತು ವರ್ಷ ಭೂಮಿಯನ್ನು ಅನುಭವಿಸಿದರೆ ಆತನಿಗೆ ಹಾನಿ ಎನ್ನುತ್ತದೆ ಸ್ಮೃತಿ. ಯಾವುದರ ಹಾನಿ? ಭೂಮಿಯದಲ್ಲ, ಅದರ ಫಲದ್ದು ಎನ್ನುತ್ತಾನೆ ವಿಜ್ಞಾನೇಶ್ವರ. ಬರೀ ಅನುಭೋಗದಿಂದ ಒಡೆತನ ಹುಟ್ಟುವುದಿಲ್ಲ ಎಂಬುದು ಆತನ ತರ್ಕ. ಒಡೆಯ ಹಿಂದಿನ ಬೆಳೆಯನ್ನು ಕೇಳುವಂತಿಲ್ಲ, ಹೊಲವನ್ನು ಕೇಳಬಹುದು. ಬಲವಂತನ ಒತ್ತುವರಿಗೂ ಒಡೆಯನ ಅಲಕ್ಷ್ಯಕ್ಕೂ ಇಲ್ಲಿ ಒಟ್ಟಿಗೇ ಉತ್ತರವಿದೆ.

ಈ ವ್ಯವಸ್ಥೆಗೆ ಮಿತಿಯೂ ಇತ್ತು. ವರ್ಣ ನೋಡಿ ದಂಡ ವಿಧಿಸುವ ಸ್ಮೃತಿ ಎಲ್ಲರನ್ನೂ ಒಂದೇ ತಕ್ಕಡಿಯಲ್ಲಿ ತೂಗಲಿಲ್ಲ. ಮುಂದೆ ದೊರೆ ಬಿಜ್ಜಳನ ಕಾಲದಲ್ಲಿ ಇದೇ ಕಲ್ಯಾಣದಲ್ಲಿ ಹರಳಯ್ಯ, ಮಧುವರಸರು ವರ್ಣ ಮೀರಿ ನಡೆದ ಮಕ್ಕಳ ವಿವಾಹಕ್ಕಾಗಿ ಪ್ರಾಣ ತೆತ್ತರೆಂದು ಶರಣ ಪರಂಪರೆ ಹೇಳುತ್ತದೆ.

1810ರಲ್ಲಿ ಇಂಗ್ಲಿಷ್ ವಿದ್ವಾಂಸ ಕೋಲ್‌ಬ್ರೂಕ್ ಈ ಗ್ರಂಥದ ದಾಯವಿಭಾಗ ಪ್ರಕರಣವನ್ನು ಇಂಗ್ಲಿಷಿಗೆ ತಂದ ಮೇಲೆ ಮಿತಾಕ್ಷರವೆಂದರೆ ಆಸ್ತಿ ಹಂಚಿಕೆಯ ಗ್ರಂಥವೆಂಬ ಭಾವನೆ ಬಲಿಯಿತು. ಅದರ ವಿಚಾರಣಾ ವಿಧಿಗೂ ಅಷ್ಟೇ ತೂಕವಿದೆ. ಚಾಲುಕ್ಯ ಶಾಸನಗಳಲ್ಲಿ ಸಿಗುವ ಭೂವಿವಾದಗಳ ಜೊತೆಗಿಟ್ಟು ಅದನ್ನು ಓದುವ ಕೆಲಸವನ್ನು ಕನ್ನಡ ಸಂಶೋಧಕರು ಕೈಗೆತ್ತಿಕೊಳ್ಳಬೇಕು.