ಉಮಾಶ್ರೀ: ಸಾಕವ್ವ, ಪದ್ಮಿ, ಗುಲಾಬಿ, ಪುಟ್ಟಕ್ಕ

ಉಮಾಶ್ರೀ ಅಂದ ಕೂಡಲೇ ಯಾವ ಮುಖ ನೆನಪಾಗುತ್ತೆ ಅನ್ನೋದರಲ್ಲೇ ನಿಮ್ಮ ವಯಸ್ಸು ಗೊತ್ತಾಗಿಬಿಡುತ್ತೆ. ಇಪ್ಪತ್ತರ ಆಸುಪಾಸಿನವರಿಗೆ ಅವರು ಜೀ ಕನ್ನಡದ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿಯಲ್ಲಿ ಮೆಸ್ ನಡೆಸುವ ಪುಟ್ಟಕ್ಕ. ಅಪ್ಪ-ಅಮ್ಮಂದಿರ ತಲೆಮಾರಿಗೆ, ಎನ್.ಎಸ್. ರಾವ್ ಜೊತೆ ಡಬಲ್ ಮೀನಿಂಗ್ ಡೈಲಾಗ್ ಹೊಡೆಯುತ್ತಿದ್ದ ಹಾಸ್ಯನಟಿ. ಹಳೆಯ ರಂಗಾಸಕ್ತರನ್ನು ಕೇಳಿದರೆ ‘ಒಡಲಾಳ’ದ ಸಾಕವ್ವ ಅಂತಾರೆ.

ತುಮಕೂರು ಜಿಲ್ಲೆಯ ನೊಣವಿನಕೆರೆಯಲ್ಲಿ 1957ರಲ್ಲಿ ಹುಟ್ಟಿದ ಉಮಾಶ್ರೀ ಬಂದಿದ್ದು ನಾಟಕದಿಂದ. ದೇವನೂರ ಮಹಾದೇವ ಅವರ ‘ಒಡಲಾಳ’ವನ್ನು ಸಿಜಿಕೆ (ಸಿ.ಜಿ. ಕೃಷ್ಣಸ್ವಾಮಿ) ರಂಗಕ್ಕೆ ತಂದಾಗ ಸಾಕವ್ವನಾದರು. ಕಳೆದುಹೋದ ಕೋಳಿಯನ್ನು ಹುಡುಕುತ್ತಾ, ಬಾಯ್ತುಂಬಾ ಬೈಯುತ್ತಾ, ಹಸಿದ ಮನೆಯೊಂದನ್ನು ಹಿಡಿದು ನಿಲ್ಲಿಸಿದ ದಲಿತ ಮುದುಕಿ ಅವಳು. ಅಂಥ ಪಾತ್ರದಲ್ಲಿ ಕರುಣೆ ಉಕ್ಕಿಸೋದು ಸುಲಭ. ಸಾಕವ್ವನ ಗತ್ತು, ಜಗಳಗಂಟಿತನ, ನಗು ಎಲ್ಲವನ್ನೂ ಉಳಿಸಿಕೊಳ್ಳೋದೇ ಕಷ್ಟ.

ಸಿನಿಮಾ ಅವರಿಗೆ ಕೊಟ್ಟಿದ್ದು ಬೇರೆಯದೇ. ಕಾಶೀನಾಥ್ ಅವರ ‘ಅನುಭವ’ (1984) ಚಿತ್ರದ ಪದ್ಮಿ ಪಾತ್ರ ಹಿಟ್ ಆಯ್ತು. ಆಮೇಲೆ ಅದೇ ಅಚ್ಚಿನ ಪಾತ್ರಗಳು ಸಾಲುಗಟ್ಟಿದವು. ಬಜಾರಿ, ಬಾಯಿಬಡುಕಿ, ಗಂಡಸರನ್ನು ಕಂಡರೆ ಕಣ್ಣು ಹೊಡೆಯುವವಳು. ಒಂದು ಮಾತು ನೇರವಾಗಿ ಹೇಳಬೇಕು: ಆ ಹಾಸ್ಯದ ಬಹುಪಾಲು ಹೆಣ್ಣಿನ ದೇಹವನ್ನೇ ಜೋಕ್ ಮಾಡುತ್ತಿತ್ತು. ನಾಯಕಿ ಮರ್ಯಾದಸ್ಥೆ, ಆಸೆ ತೋರಿಸುವ ಹೆಣ್ಣು ನಗೆಪಾಟಲು, ಅವಳು ಕೆಲಸದವಳೋ ಪಕ್ಕದ ಮನೆಯವಳೋ ಆಗಿರಬೇಕು. ಈ ವಿಂಗಡಣೆ ಮಾಡಿದ್ದು ಬರೆದವರು, ನಿರ್ದೇಶಿಸಿದವರು. ಹೆಸರು ಕೆಟ್ಟಿದ್ದು ಮಾತ್ರ ನಟಿಯದ್ದು. ಇಬ್ಬರು ಮಕ್ಕಳನ್ನು ಒಬ್ಬರೇ ಸಾಕುತ್ತಿದ್ದ ಹೆಂಗಸಿಗೆ ಬಂದ ಪಾತ್ರ ಬೇಡ ಅನ್ನುವ ಐಷಾರಾಮ ಇರಲಿಲ್ಲ ಅನ್ನೋದನ್ನೂ ಮರೆಯಬಾರದು.

2008ರಲ್ಲಿ ಗಿರೀಶ್ ಕಾಸರವಳ್ಳಿ, ವೈದೇಹಿಯವರ ಕತೆ ಆಧರಿಸಿದ ‘ಗುಲಾಬಿ ಟಾಕೀಸ್’ನಲ್ಲಿ ಅವರನ್ನು ನಾಯಕಿ ಮಾಡಿದರು. ಕುಂದಾಪುರದ ಕಡೆಯ ಮೀನುಗಾರರ ಊರು, ಕಾರ್ಗಿಲ್ ಯುದ್ಧದ ಕಾಲ. ಗಂಡ ಬಿಟ್ಟ ಮುಸ್ಲಿಂ ಸೂಲಗಿತ್ತಿ ಗುಲಾಬಿಗೆ ಸಿನಿಮಾ ಹುಚ್ಚು. ಅವಳ ಮನೆಗೆ ಡಿಶ್ ಟಿವಿ ಬರುತ್ತೆ, ಊರಿನ ಹೆಂಗಸರೂ ಬರ್ತಾರೆ. ಊರಿನ ಗಾಳಿ ಬದಲಾದಾಗ ಅದೇ ಗುಲಾಬಿ ‘ಅವರ ಪೈಕಿ’ಯವಳಾಗಿ ಒಂಟಿಯಾಗ್ತಾಳೆ. ಕರಾವಳಿಯಲ್ಲಿ ನಂತರ ಆಗಿದ್ದನ್ನು ಬಲ್ಲವರು ಈ ಸಿನಿಮಾವನ್ನು ಈಗ ನೋಡಬೇಕು. ಉಮಾಶ್ರೀ ಇಲ್ಲಿ ಭಾಷಣ ಮಾಡಲ್ಲ. ತೆರೆ ನೋಡುವಾಗಿನ ಆ ಮಗುವಿನ ಖುಷಿ ಸಾಕು, ಅದು ಕಿತ್ತುಹೋದಾಗ ಏನು ಹೋಯ್ತು ಅಂತ ನಮಗೆ ತಿಳಿಯುತ್ತೆ.

ಈ ಪಾತ್ರಕ್ಕೆ ಅತ್ಯುತ್ತಮ ನಟಿ ರಾಷ್ಟ್ರಪ್ರಶಸ್ತಿ ಬಂತು. ‘ಕಾಡು’ ಚಿತ್ರದ ನಂದಿನಿ ಭಕ್ತವತ್ಸಲ, ‘ಹಸೀನಾ’ದ ತಾರಾ ಅವರಿಗೆ ಅದು ಮೊದಲೇ ಸಿಕ್ಕಿತ್ತು. (ತಾರಾ ಕೂಡ ರಾಜಕೀಯಕ್ಕೆ ಬಂದರು, ಬಿಜೆಪಿಯಿಂದ.) ಪ್ರಶಸ್ತಿ ಬಂದಾಗ ಉಮಾಶ್ರೀ ‘ಬದಲಾದರು’ ಅಂದವರಿದ್ದಾರೆ. ಬದಲಾಗಿದ್ದು ಪಾತ್ರ. ಪದ್ಮಿಯ ಬಾಯಿಗೂ ಸಾಕವ್ವನ ಬಾಯಿಗೂ ನಂಟಿದೆ. ಎರಡರಲ್ಲೂ ಇರೋದು ಬೀದಿಯ ಮಾತಿನ ಲಯ ಬಲ್ಲ ನಟಿಯೇ.

2013ರಲ್ಲಿ ಕಾಂಗ್ರೆಸ್‌ನಿಂದ ಬಾಗಲಕೋಟೆ ಜಿಲ್ಲೆಯ ತೇರದಾಳದಲ್ಲಿ ಗೆದ್ದರು. ನೇಕಾರರ ಸೀಮೆ ಅದು, ಇವರದು ತುಮಕೂರು ಕಡೆ. ಸಿದ್ದರಾಮಯ್ಯ ಸಂಪುಟದಲ್ಲಿ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ, ಕನ್ನಡ ಮತ್ತು ಸಂಸ್ಕೃತಿ ಖಾತೆ ಸಿಕ್ಕವು. 2017ರಲ್ಲಿ ಗೀತಾ ಮಹದೇವಪ್ರಸಾದ್ ಸೇರುವವರೆಗೆ ಇಡೀ ಸಂಪುಟಕ್ಕೆ ಇವರೊಬ್ಬರೇ ಮಹಿಳೆ! ಹೆಣ್ಣುಮಕ್ಕಳ ಖಾತೆಯನ್ನು ಹೆಣ್ಣಿಗೇ ಕೊಟ್ಟು ಲೆಕ್ಕ ಚುಕ್ತಾ ಮಾಡುವ ಚಾಳಿ ನಮ್ಮ ಪಕ್ಷಗಳಿಗೆ ಹಳೆಯದು. 2018ರಲ್ಲಿ ಸೋತರು, 2023ರಲ್ಲಿ ವಿಧಾನ ಪರಿಷತ್ತಿಗೆ ನಾಮನಿರ್ದೇಶನಗೊಂಡರು.

ಸೋತ ಮೇಲೆ ಸುಮ್ಮನೆ ಕೂರಲಿಲ್ಲ. ‘ಶರ್ಮಿಷ್ಠೆ’ ಏಕವ್ಯಕ್ತಿ ನಾಟಕದೊಂದಿಗೆ ರಂಗಕ್ಕೆ ಮರಳಿದರು. 2021ರ ಕೊನೆಗೆ ಪುಟ್ಟಕ್ಕ ಶುರುವಾಯ್ತು: ಗಂಡುಮಗು ಹೆರಲಿಲ್ಲ ಅಂತ ಗಂಡ ಬಿಟ್ಟುಹೋದ, ಮೂರು ಹೆಣ್ಣುಮಕ್ಕಳನ್ನು ದುಡಿದು ಸಾಕುವ ತಾಯಿ. ಇಲ್ಲಿ ಬಿಟ್ಟು ಹೋದವನು ಸಣ್ಣವನಾಗಿ ಕಾಣ್ತಾನೆ, ಒಲೆ ಮುಂದೆ ನಿಂತ ಪುಟ್ಟಕ್ಕ ಅಲ್ಲ.