ದಂಡಿನಿಂದ ಹೊರಟ ಆಟಗಾರ: ಕಾರ್ಲ್ಟನ್ ಚಾಪ್‌ಮನ್ ಮತ್ತು ವೃತ್ತಿ ಫುಟ್‌ಬಾಲಿನ ವಲಸೆ

ಬೆಂಗಳೂರಿನ ಕ್ರೀಡಾಚರಿತ್ರೆಯನ್ನು ಕುರಿತ ನಮ್ಮ ಬರಹಗಳಲ್ಲಿ ಕ್ರಿಕೆಟ್ಟಿಗೆ ದೊರೆತಿರುವ ಸ್ಥಾನ ಫುಟ್‌ಬಾಲಿಗೆ ದೊರೆತಿಲ್ಲ. ನಗರದ ಪೂರ್ವಭಾಗದ ಬಡಾವಣೆಗಳಲ್ಲಿ ಹುಟ್ಟಿ ರಾಷ್ಟ್ರಮಟ್ಟಕ್ಕೇರಿದ ಆಟಗಾರರ ಹೆಸರುಗಳು ಕನ್ನಡ ಗ್ರಂಥಗಳಿಗಿಂತ ಹೆಚ್ಚಾಗಿ ಕೋಲ್ಕತದ ಕ್ಲಬ್ಬುಗಳ ಇತಿಹಾಸದಲ್ಲಿ ದಾಖಲಾಗಿವೆ. ಈ ಆಟಗಾರರ ಜೀವನೋಪಾಯವು ಅವರ ಹುಟ್ಟೂರಿನಲ್ಲಿರಲಿಲ್ಲ ಎಂಬುದೇ ಇದಕ್ಕೆ ಮುಖ್ಯ ಕಾರಣ. ಆಟಗಾರನಾಗಿಯೂ ಅನಂತರ ತರಬೇತುದಾರನಾಗಿಯೂ ಊರೂರು ಅಲೆದ ಕಾರ್ಲ್ಟನ್ ಚಾಪ್‌ಮನ್ (1971-2020) ಅವರ ವೃತ್ತಿಜೀವನದ ಮೂಲಕ ಈ ಸಂಗತಿಯನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ದಂಡುಪ್ರದೇಶವೇ ವಲಸೆಯ ಸೃಷ್ಟಿ. 1809ರಲ್ಲಿ ಬ್ರಿಟಿಷರ ಸೇನಾನೆಲೆ ಹಲಸೂರಿನ ಪರಿಸರದಲ್ಲಿ ಬೇರೂರಿದ ಮೇಲೆ ಅದರ ಬೆನ್ನಿಗೇ ತಮಿಳುನಾಡಿನ ಜಿಲ್ಲೆಗಳಿಂದ ಕೂಲಿಕಾರರು, ಕುಶಲಕರ್ಮಿಗಳು, ವ್ಯಾಪಾರಿಗಳು ಬಂದು ನೆಲೆಸಿದರು. 1947ರವರೆಗೂ ಇದು ಮೈಸೂರು ಸಂಸ್ಥಾನದ ಆಡಳಿತಕ್ಕೆ ಹೊರತಾದ ಸಿವಿಲ್ ಅಂಡ್ ಮಿಲಿಟರಿ ಸ್ಟೇಷನ್ ಆಗಿತ್ತು. ಸೈನಿಕರ ಫುಟ್‌ಬಾಲ್ ಪಂದ್ಯಗಳನ್ನು ಬೇಲಿಯಾಚೆ ನಿಂತು ನೋಡಿದ ಇಲ್ಲಿನ ಹುಡುಗರು ಆಟವನ್ನು ಬರಿಗಾಲಿನಲ್ಲಿ ಕಲಿತು ತಮ್ಮದಾಗಿಸಿಕೊಂಡರು. ಹಲಸೂರಿನ ಗೌತಮಪುರ, ಮರ್ಫಿ ಟೌನ್, ಆಸ್ಟಿನ್ ಟೌನ್, ಶಿವಾಜಿನಗರಗಳು ಆಟಗಾರರ ತವರುಗಳಾದವು. ಗೌತಮಪುರದಲ್ಲಿ ಬುದ್ಧ, ಅಂಬೇಡ್ಕರ್, ಮದರ್ ತೆರೇಸಾರ ಸಾಲಿನಲ್ಲಿ ಬ್ರೆಜಿಲ್‌ನ ಪೆಲೆಯ ಪ್ರತಿಮೆಯನ್ನೂ ನಿಲ್ಲಿಸಿರುವುದನ್ನು ಕೇವಲ ಅಭಿಮಾನದ ಅತಿರೇಕವೆಂದು ತಳ್ಳಿಹಾಕಲಾಗದು. ಆ ಕೇರಿಯ ಪಾಲಿಗೆ ಫುಟ್‌ಬಾಲ್ ಘನತೆಯ ಪ್ರಶ್ನೆಯಾಗಿತ್ತು.

ಇಲ್ಲಿಂದ ಕೋಲ್ಕತಕ್ಕೆ ಹೊರಟವರ ಪರಂಪರೆ ಚಾಪ್‌ಮನ್‌ರಿಗಿಂತ ಬಹಳ ಹಳೆಯದು. ಬೆಂಗಳೂರಿನ ಅಹ್ಮದ್ ಖಾನ್ 1949ರಲ್ಲಿ ಈಸ್ಟ್ ಬೆಂಗಾಲ್ ತಂಡವನ್ನು ಸೇರಿದರು. ವೆಂಕಟೇಶ್, ಅಪ್ಪಾರಾವ್, ಧನರಾಜ್, ಸಾಲೆ ಅವರೊಡನೆ ‘ಪಂಚಪಾಂಡವರು’ ಎಂದೇ ಹೆಸರಾದ ಆ ಮುಂಪಂಕ್ತಿ 1949ರಿಂದ 1951ರವರೆಗೆ ಸತತ ಮೂರು ವರ್ಷ ಐಎಫ್‌ಎ ಷೀಲ್ಡನ್ನು ಗೆದ್ದಿತು. ದೇಶವಿಭಜನೆಯಿಂದ ನಿರಾಶ್ರಿತರಾಗಿ ಬಂದ ಪೂರ್ವ ಬಂಗಾಳಿಗಳು ತಮ್ಮದೆಂದು ಹಚ್ಚಿಕೊಂಡ ಕ್ಲಬ್ಬಿಗೆ ಕೀರ್ತಿ ತಂದವರು ಐವರೂ ದಕ್ಷಿಣ ಭಾರತದಿಂದ ಬಂದ ವಲಸಿಗರು! 1962ರ ಜಕಾರ್ತಾ ಏಷ್ಯನ್ ಕ್ರೀಡಾಕೂಟದಲ್ಲಿ ಚಿನ್ನ ಗೆದ್ದ ಭಾರತ ತಂಡದಲ್ಲಿದ್ದ ಅರುಮೈನಾಯಗಂ ಹಾಗೂ 1970ರ ದಶಕದ ಉಲಗನಾಥನ್ ಮೋಹನ್ ಬಾಗಾನ್ ಪರವಾಗಿ ಆಡಿದರು.

ಹೋಗದೆ ಉಳಿದವರಿಗೆ ಆಧಾರವಾದದ್ದು ಸಾರ್ವಜನಿಕ ಉದ್ದಿಮೆಗಳು. ಕೃಷ್ಣರಾಜಪುರದ ಬಳಿಯ ದೂರವಾಣಿನಗರದಲ್ಲಿ 1948ರಲ್ಲಿ ಸ್ಥಾಪನೆಯಾದ ಐಟಿಐ, ಅದಕ್ಕಿಂತ ಮೊದಲೇ 1940ರಲ್ಲಿ ಆರಂಭಗೊಂಡ ಎಚ್‌ಎಎಲ್ ಇವೆರಡೂ ಬಲವಾದ ತಂಡಗಳನ್ನು ಕಟ್ಟಿದವು. ಇಲ್ಲಿ ಆಟಗಾರನು ಮೊದಲು ನೌಕರ, ಆಮೇಲೆ ಆಟಗಾರ. ಮಂಡಿ ನೋವಿಗೆ ಆಟ ನಿಂತರೂ ಸಂಬಳ ನಿಲ್ಲುತ್ತಿರಲಿಲ್ಲ. ನಿವೃತ್ತಿಯ ವಯಸ್ಸು ಮೂವತ್ತಲ್ಲ, ಐವತ್ತೆಂಟು. ಕಾಗದದ ಮೇಲೆ ಹವ್ಯಾಸಿಯಾಗಿದ್ದ ಈ ವ್ಯವಸ್ಥೆಯನ್ನು ಇಂದು ಹಿಂದುಳಿದದ್ದೆಂದು ಹಳಿಯುವುದು ಸುಲಭ. ಆದರೆ ದಂಡುಪ್ರದೇಶದ ಒಂದು ಕೋಣೆಯ ಮನೆಗಳಿಂದ ಬಂದವರಿಗೆ ಅದು ಕೊಟ್ಟ ಭದ್ರತೆಯನ್ನು ಮುಂದೆ ಬಂದ ವೃತ್ತಿಪರ ವ್ಯವಸ್ಥೆ ಕೊಡಲಿಲ್ಲವೆಂಬುದನ್ನು ಚರಿತ್ರಕಾರರು ಮರೆಯಬಾರದು.

ಆಸ್ಟಿನ್ ಟೌನಿನ ಚಾಪ್‌ಮನ್ ಈ ಎರಡು ವ್ಯವಸ್ಥೆಗಳ ಸಂಧಿಕಾಲದಲ್ಲಿ ಬಂದವರು. ಭಾರತೀಯ ಕ್ರೀಡಾ ಪ್ರಾಧಿಕಾರದ ಬೆಂಗಳೂರು ಕೇಂದ್ರದಲ್ಲಿ ಪಳಗಿ, 1990ರಲ್ಲಿ ಜೆಮ್ಷೆಡ್‌ಪುರದ ಟಾಟಾ ಫುಟ್‌ಬಾಲ್ ಅಕಾಡೆಮಿಯನ್ನು ಸೇರಿದರು. 1987ರಲ್ಲಿ ಸ್ಥಾಪಿತವಾದ ಆ ಅಕಾಡೆಮಿ ಹುಡುಗರನ್ನು ವಸತಿ, ಶಿಕ್ಷಣ ಸಹಿತ ಪೂರ್ಣಾವಧಿ ಆಟಗಾರರನ್ನಾಗಿ ರೂಪಿಸುತ್ತಿತ್ತು. 1993ರಲ್ಲಿ ಈಸ್ಟ್ ಬೆಂಗಾಲ್ ಸೇರಿದ ಮಧ್ಯರಂಗದ ಈ ಆಟಗಾರ ಅದೇ ವರ್ಷ ಏಷ್ಯನ್ ಕಪ್ ವಿನ್ನರ್ಸ್ ಕಪ್ ಪಂದ್ಯದಲ್ಲಿ ಇರಾಕಿನ ಅಲ್ ಜವ್ರಾ ವಿರುದ್ಧ ಮೂರು ಗೋಲು ಹೊಡೆದರು. ಈಸ್ಟ್ ಬೆಂಗಾಲ್ 6-2ರಿಂದ ಗೆದ್ದಿತು. ಪಶ್ಚಿಮ ಏಷ್ಯದ ತಂಡಗಳೆದುರು ಭಾರತದ ಕ್ಲಬ್ಬುಗಳು ಸಾಮಾನ್ಯವಾಗಿ ಸೋಲನ್ನೇ ನಿರೀಕ್ಷಿಸಿ ಕಣಕ್ಕಿಳಿಯುತ್ತಿದ್ದ ಕಾಲದಲ್ಲಿ ಇದು ಸಣ್ಣ ಸಾಧನೆಯಲ್ಲ.

1995ರಲ್ಲಿ ಅವರು ಪಂಜಾಬಿನ ಫಗ್ವಾರದ ಜೆಸಿಟಿ ತಂಡಕ್ಕೆ ಹೋದರು. ಐ. ಎಂ. ವಿಜಯನ್, ಬೈಚುಂಗ್ ಭುಟಿಯಾ ಅವರೊಂದಿಗೆ ಆಡುತ್ತಾ 1996-97ರ ಚೊಚ್ಚಲ ರಾಷ್ಟ್ರೀಯ ಫುಟ್‌ಬಾಲ್ ಲೀಗನ್ನು ಗೆದ್ದರು. ಕೇರಳ, ಸಿಕ್ಕಿಂ, ಕರ್ನಾಟಕಗಳ ಮೂವರು ಪಂಜಾಬಿನ ಬಟ್ಟೆಗಿರಣಿಯೊಂದರ ತಂಡಕ್ಕೆ ರಾಷ್ಟ್ರೀಯ ಪ್ರಶಸ್ತಿ ತಂದುಕೊಡುವುದು ಹೊಸ ಲೀಗಿನ ಸ್ವರೂಪವನ್ನೇ ಹೇಳುತ್ತದೆ. ಆಮೇಲೆ, ದೇಶದ ಮೊದಲ ವೃತ್ತಿಪರ ಕ್ಲಬ್ಬೆಂದು ಹೇಳಿಕೊಂಡು 1997ರಲ್ಲಿ ಹುಟ್ಟಿದ ಎಫ್‌ಸಿ ಕೊಚ್ಚಿನ್‌ಗೆ ಸೇರಿದರು. ಆ ಕ್ಲಬ್ಬು ಕೆಲವೇ ವರ್ಷಗಳಲ್ಲಿ ಹಣದ ಮುಗ್ಗಟ್ಟಿಗೆ ಸಿಲುಕಿ ಕಣ್ಮರೆಯಾಯಿತು. ಚಾಪ್‌ಮನ್ ಅದಕ್ಕೆ ಮೊದಲೇ, 1998ರಲ್ಲಿ ಈಸ್ಟ್ ಬೆಂಗಾಲಿಗೆ ಮರಳಿದ್ದರು. 2000-01ರಲ್ಲಿ ಈಸ್ಟ್ ಬೆಂಗಾಲ್ ಮೊದಲ ಬಾರಿಗೆ ರಾಷ್ಟ್ರೀಯ ಲೀಗ್ ಗೆದ್ದಾಗ ಅವರೇ ನಾಯಕರು. ಈ ನಡುವೆ 1997ರ ಸ್ಯಾಫ್ ಕಪ್ ಗೆದ್ದ ಭಾರತ ತಂಡದಲ್ಲೂ ಇದ್ದರು. ಸಂತೋಷ್ ಟ್ರೋಫಿಯಲ್ಲಿ ಅವರು ಪಂಜಾಬ್ ಮತ್ತು ಬಂಗಾಳಗಳ ಪರವಾಗಿ ಆಡಿದ್ದು ಇಲ್ಲಿ ವಿಶೇಷವಾಗಿ ಗಮನಾರ್ಹ. ಕ್ಲಬ್ಬು ಯಾವ ರಾಜ್ಯದ್ದೋ ಆಟಗಾರನೂ ಆ ರಾಜ್ಯಕ್ಕೇ ಸಲ್ಲುತ್ತಿದ್ದನು. ಅನ್ನ ಕೊಡುವ ಊರು ಹೆಸರನ್ನೂ ತನ್ನದಾಗಿಸಿಕೊಳ್ಳುತ್ತಿತ್ತು.

2001ರಲ್ಲಿ, ಮೂವತ್ತನೆಯ ವಯಸ್ಸಿನಲ್ಲಿ, ಚಾಪ್‌ಮನ್ ವೃತ್ತಿಪರ ಆಟಕ್ಕೆ ವಿದಾಯ ಹೇಳಿದರು. ಕಾರ್ಖಾನೆಯ ಆಟಗಾರನಾಗಿದ್ದರೆ ಮರುದಿನದಿಂದ ಹಾಜರಿ ಪುಸ್ತಕಕ್ಕೆ ಸಹಿ ಹಾಕಬಹುದಾಗಿತ್ತು. ಒಪ್ಪಂದದ ಆಟಗಾರನಿಗೆ ತಾನು ಬಲ್ಲ ಒಂದೇ ವಿದ್ಯೆಯನ್ನು ಕಲಿಸುವ ದಾರಿ ಮಾತ್ರ ಉಳಿದಿತ್ತು. ತಾವು ಕಲಿತ ಟಾಟಾ ಅಕಾಡೆಮಿಯಲ್ಲೇ ತರಬೇತುದಾರರಾಗಿ ಆರಂಭಿಸಿದರು. 2008ರಿಂದ ಷಿಲ್ಲಾಂಗಿನ ರಾಯಲ್ ವಾಹಿಂಗ್ಡೋ ತಂಡದ ಹೊಣೆ ಹೊತ್ತರು. ಈಶಾನ್ಯ ಭಾರತದ ಫುಟ್‌ಬಾಲ್ ಆಗತಾನೆ ರಾಷ್ಟ್ರದ ಗಮನ ಸೆಳೆಯುತ್ತಿದ್ದ ದಿನಗಳವು. ಆ ಕ್ಲಬ್ಬು ಮುಂದೆ, ಚಾಪ್‌ಮನ್ ಬಿಟ್ಟ ಮೇಲೆ, 2014-15ರ ಐ-ಲೀಗಿನಲ್ಲಿ ಮೂರನೆಯ ಸ್ಥಾನ ಪಡೆಯಿತು. ಕೋಲ್ಕತದ ಭವಾನಿಪುರ, ಬೆಂಗಳೂರಿನ ಸ್ಟೂಡೆಂಟ್ಸ್ ಯೂನಿಯನ್, ದೆಹಲಿಯ ಸುದೇವ ತಂಡಗಳಿಗೂ ಅವರು ತರಬೇತಿ ನೀಡಿದರು. 2017ರ ಕೊನೆಯಲ್ಲಿ ಕೋಳಿಕ್ಕೋಡಿನ ಕ್ವಾರ್ಟ್ಜ್ ಕ್ಲಬ್ಬಿನ ತಾಂತ್ರಿಕ ನಿರ್ದೇಶಕರಾದರು. ಇವು ಬಹುಮಟ್ಟಿಗೆ ಎರಡನೆಯ ದರ್ಜೆಯ ತಂಡಗಳು. ಇಂಥಲ್ಲಿ ತರಬೇತುದಾರನ ಒಪ್ಪಂದ ಹೆಚ್ಚಾಗಿ ಋತುವಿನಿಂದ ಋತುವಿಗೆ ಸೀಮಿತ. ತಂಡ ಬಡ್ತಿ ಪಡೆಯದಿದ್ದರೆ ಮೊದಲು ಬದಲಾಗುವವನೂ ಅವನೇ. ಆಟಗಾರನಾಗಿ ಅನುಭವಿಸಿದ ವಲಸೆ ತರಬೇತುದಾರನಾದ ಮೇಲೂ ಮುಗಿಯಲಿಲ್ಲ. ಆಟಗಾರನಾಗಿದ್ದಾಗ ಅದು ಏರುಮುಖದ ವಲಸೆಯಾಗಿತ್ತು ಎಂಬುದಷ್ಟೇ ವ್ಯತ್ಯಾಸ.

ಇದೇ ಅವಧಿಯಲ್ಲಿ ವಿರುದ್ಧ ದಿಕ್ಕಿನ ವಲಸೆಯೊಂದೂ ನಡೆಯಿತು. 2013ರಲ್ಲಿ ಸ್ಥಾಪನೆಯಾದ ಬೆಂಗಳೂರು ಎಫ್‌ಸಿ ತನ್ನ ಮೊದಲ ತರಬೇತುದಾರರನ್ನಾಗಿ ಇಂಗ್ಲೆಂಡಿನ ಆಶ್ಲೇ ವೆಸ್ಟ್‌ವುಡ್ ಅವರನ್ನು ಕರೆತಂದಿತು. ಮ್ಯಾಂಚೆಸ್ಟರ್ ಯುನೈಟೆಡ್‌ನ ಕಿರಿಯರ ತಂಡದಲ್ಲಿ ಬೆಳೆದು, ಕ್ರೂ, ಬ್ರಾಡ್‌ಫರ್ಡ್, ಷೆಫೀಲ್ಡ್ ವೆನ್ಸ್‌ಡೇ ಮುಂತಾದ ಕ್ಲಬ್ಬುಗಳಲ್ಲಿ ರಕ್ಷಣಾ ಆಟಗಾರರಾಗಿದ್ದ ಇವರು ಅಶೋಕನಗರದ ಹಳೆಯ ಫುಟ್‌ಬಾಲ್ ಕ್ರೀಡಾಂಗಣದಲ್ಲಿ, ಎಂದರೆ ಆಸ್ಟಿನ್ ಟೌನಿನ ನೆರೆಯಲ್ಲೇ, ಮೊದಲ ಋತುವಿನ ತವರು ಪಂದ್ಯಗಳನ್ನಾಡಿಸಿ 2013-14ರ ಐ-ಲೀಗ್ ಗೆದ್ದರು. 2014-15ರಲ್ಲಿ ಫೆಡರೇಷನ್ ಕಪ್, 2015-16ರಲ್ಲಿ ಮತ್ತೆ ಐ-ಲೀಗ್ ಅವರ ತಂಡದ ಪಾಲಾದವು. ಅವರ ಯಶಸ್ಸು ನಿರ್ವಿವಾದ. ಆಹಾರ, ವ್ಯಾಯಾಮ, ಅಭ್ಯಾಸಗಳ ಶಿಸ್ತನ್ನು ತರಲು ಬೇಕಾದ ಸಂಪನ್ಮೂಲವನ್ನು ಸಂಸ್ಥೆ ಅವರಿಗೆ ಒದಗಿಸಿತ್ತು. ಷಿಲ್ಲಾಂಗಿನಲ್ಲೋ ಕೋಳಿಕ್ಕೋಡಿನಲ್ಲೋ ಚಾಪ್‌ಮನ್‌ರಿಗೆ ಅಷ್ಟರ ಅನುಕೂಲವಿರಲಿಲ್ಲವಾದ್ದರಿಂದ ಇಬ್ಬರ ಸಾಮರ್ಥ್ಯವನ್ನು ತೂಗಿ ನೋಡುವುದು ನ್ಯಾಯವಾಗದು. ಹೋಲಿಸಬೇಕಾದದ್ದು ಕಾಲವನ್ನು: ನಗರಕ್ಕೆ ಪೂರ್ಣ ವೃತ್ತಿಪರ ಕ್ಲಬ್ಬು ದೊರೆತದ್ದು ಚಾಪ್‌ಮನ್ ಆಟ ನಿಲ್ಲಿಸಿ ಹನ್ನೆರಡು ವರ್ಷಗಳಾದ ಮೇಲೆ.

ಅಹ್ಮದ್ ಖಾನ್ ಕೋಲ್ಕತದಿಂದ ಊರಿಗೆ ಮರಳಿ, 2017ರ ಆಗಸ್ಟಿನಲ್ಲಿ ತೊಂಬತ್ತರ ವಯಸ್ಸಿನಲ್ಲಿ ಇಲ್ಲೇ ತೀರಿಕೊಂಡರು. ಚಾಪ್‌ಮನ್‌ರೂ ಕಡೆಗೆ ಹುಟ್ಟೂರಿನಲ್ಲೇ, 2020ರ ಅಕ್ಟೋಬರ್ 12ರಂದು, ನಲವತ್ತೊಂಬತ್ತನೆಯ ವಯಸ್ಸಿನಲ್ಲಿ ನಿಧನ ಹೊಂದಿದರು. ಮೈಸೂರು ಎಂಬ ಹೆಸರಿನಲ್ಲಿ 1968-69ರಲ್ಲಿ ಕೊನೆಯ ಬಾರಿ ಸಂತೋಷ್ ಟ್ರೋಫಿ ಗೆದ್ದಿದ್ದ ರಾಜ್ಯ, ಮೇಘಾಲಯವನ್ನು 3-2ರಿಂದ ಸೋಲಿಸಿ ಅದನ್ನು ಮತ್ತೆ ಪಡೆದದ್ದು 2023ರ ಮಾರ್ಚಿನಲ್ಲಿ. ಪಂದ್ಯ ನಡೆದದ್ದು ಸೌದಿ ಅರೇಬಿಯದ ರಿಯಾದ್ ನಗರದಲ್ಲಿ.