ದವನದ ಹುಣ್ಣಿಮೆಯ ಹಿಂದಿನ ಕಾಲ

ಚೈತ್ರ ಶುದ್ಧ ಪೌರ್ಣಿಮೆಯನ್ನು ಗದಗ-ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಗಳ ಸೀಮೆಯ ಜನರು ದವನದ ಹುಣ್ಣಿಮೆಯೆಂದೇ ಕರೆಯುವರು. ಗದಗಿನ ತೋಂಟದಾರ್ಯಮಠದ ಜಾತ್ರೆ ನೆರೆಯುವುದೂ ಈ ಹುಣ್ಣಿಮೆಯ ಆಸುಪಾಸಿನಲ್ಲಿಯೇ. ಬಿಸಿಲಿಗೆ ಎರೆಯ ಹೊಲಗಳು ಬಾಯಿಬಿಟ್ಟು ಬಿರಿದು, ಹಸುರೆಂಬುದು ಕಣ್ಣಿಗೆ ಅಪೂರ್ವವಾದ ಆ ದಿನಗಳಲ್ಲಿ, ಬೂದುಹಸುರಿನ ಸಣ್ಣೆಲೆಯ, ದವನವೆಂಬ ಪರಿಮಳದ ಗಿಡದ ಒಂದು ಕಟ್ಟು ಸಂತೆಯ ಮೂಲೆಯಲ್ಲಿದ್ದರೂ ಸಾಕು, ಹೋಗುವವರು ಬರುವವರಿಗೆಲ್ಲ ಹೊಸ ಸಂವತ್ಸರ ಬಂದಿತೆಂಬುದು ಪಂಚಾಂಗವನ್ನು ನೋಡದೆಯೇ ತಿಳಿಯುತ್ತದೆ. ವಾಸನೆಯೊಂದು ಹೀಗೆ ಕಾಲದ ಮೇಲೆ ಅಧಿಕಾರವನ್ನು ಪಡೆದುದು ನಿನ್ನೆ ಮೊನ್ನೆಯ ಸಂಗತಿಯಲ್ಲ. ಅದರ ಬೇರು ಈ ನಾಡಿನ ಶಿಲಾಶಾಸನಗಳವರೆಗೆ ಇಳಿದಿದೆ.

ಬೆಳ್ವೊಲ ಮುನ್ನೂರು, ಪುಲಿಗೆರೆ ಮುನ್ನೂರು ಎಂಬ ಎರಡು ನಾಡುಗಳನ್ನು ಕೂಡಿಸಿ ಎರಡರುನೂರೆಂದು ಕರೆಯುತ್ತಿದ್ದ ಕಲ್ಯಾಣ ಚಾಳುಕ್ಯರ ಕಾಲದಲ್ಲಿ, ಶಿವಾಲಯಗಳಿಗೆ ಬಿಟ್ಟ ದತ್ತಿಗಳ ಉದ್ದೇಶವನ್ನು ಹೇಳುವಾಗ ದೇವರ ಪೂಜೆಗಾದ ಅಂಗಭೋಗ, ಗೀತನೃತ್ಯಗಳಿಗಾದ ರಂಗಭೋಗ, ಒಡೆದುದನ್ನು ಸರಿಪಡಿಸುವ ಖಂಡಸ್ಫುಟಿತ ಜೀರ್ಣೋದ್ಧಾರಗಳ ಸಾಲಿನಲ್ಲಿ ‘ಚೈತ್ರಪವಿತ್ರ’ವೆಂಬ ಮಾತು ಮತ್ತೆ ಮತ್ತೆ ಬರುತ್ತದೆ. ಶಾಸನಗಳನ್ನು ಓದುವವರು ಇದನ್ನು ರೂಢಿಯ ಸವಕಲು ನುಡಿಯೆಂದು ದಾಟಿ ಮುಂದೆ ಹೋಗುವುದುಂಟು. ಹಾಗೆ ದಾಟಬಾರದೆಂಬುದು ನನ್ನ ಅರಿಕೆ. ಚೈತ್ರದಲ್ಲಿ ಶಿವನಿಗೆ ದವನವನ್ನು ಏರಿಸುವ ದಮನಾರೋಪಣವೊಂದು, ಮಳೆಗಾಲದಲ್ಲಿ ನೂಲಿನ ಪವಿತ್ರವನ್ನು ತೊಡಿಸುವ ಪವಿತ್ರಾರೋಪಣವೊಂದು, ಹೀಗೆ ಎರಡು ವ್ರತಗಳು ಈ ಜೋಡಿಯಲ್ಲಿ ಅಡಗಿವೆ. ಇವೆರಡರ ವಿಧಿಯನ್ನೂ 11ನೆಯ ಶತಮಾನದ ಶೈವಪೂಜಾಗ್ರಂಥವಾದ ಸೋಮಶಂಭುಪದ್ಧತಿಯು ವಿವರಿಸುತ್ತದೆ. ವರ್ಷವಿಡೀ ನಡೆದ ನಿತ್ಯಪೂಜೆಯಲ್ಲಿ ತಿಳಿದೋ ತಿಳಿಯದೆಯೋ ಉಂಟಾದ ಲೋಪಗಳೆಲ್ಲವೂ ಪವಿತ್ರಾರೋಪಣದ ಒಂದು ದಿನದಲ್ಲಿ ತುಂಬಿಬರುವುವೆಂಬುದು ಶೈವಾಗಮಿಕರ ನಂಬುಗೆ. ದವನವನ್ನರ್ಪಿಸಿ ಪೂಜಿಸದವನಿಗೆ ಅವನ ಚೈತ್ರಮಾಸದ ಪುಣ್ಯವು ದಕ್ಕದೆಂಬ ಅರ್ಥದ ಕಥೆಯೊಂದು ಅಗ್ನಿಪುರಾಣದಲ್ಲಿಯೂ ಇದೆ. ಕಳೆದುಹೋದ ಕಾಲವನ್ನು ಹಿಂದಕ್ಕೆ ಕರೆದು ಅದರ ಕೊರತೆಯನ್ನು ನೀಗಿಸುವ, ಬರುವ ತಿಂಗಳ ಫಲವನ್ನು ಕಾಯ್ದುಕೊಡುವ ಇಂತಹ ಶಕ್ತಿಯನ್ನು ನಮ್ಮ ಪೂರ್ವಿಕರು ರತ್ನದಲ್ಲಿಯೋ ಮಂತ್ರದಂಡದಲ್ಲಿಯೋ ಕಾಣದೆ, ಹಿಡಿಯಷ್ಟು ಎಲೆಯಲ್ಲಿ, ಒಂದೆಳೆ ನೂಲಿನಲ್ಲಿ ಕಂಡರೆಂಬುದು ನನಗೆ ಬಹು ದೊಡ್ಡ ಸಂಗತಿಯಾಗಿ ತೋರುತ್ತದೆ.

ಕಾಲಜ್ಞಾನವೂ ಗಂಧಜ್ಞಾನವೂ ಆ ದಿನಗಳಲ್ಲಿ ನೆರೆಹೊರೆಯ ವಿದ್ಯೆಗಳಾಗಿದ್ದುವು. ಗ್ರಹಗತಿಯನ್ನು ಗಣಿಸಿದ 6ನೆಯ ಶತಮಾನದ ವರಾಹಮಿಹಿರನೇ ತನ್ನ ಬೃಹತ್ಸಂಹಿತೆಯಲ್ಲಿ ಗಂಧಯುಕ್ತಿಗೆ ಒಂದು ಅಧ್ಯಾಯವನ್ನು ಮೀಸಲಿಟ್ಟು, 16 ದ್ರವ್ಯಗಳಲ್ಲಿ ನಾಲ್ಕು ನಾಲ್ಕನ್ನು ಆಯ್ದು ಕೂಡಿಸಿದರೆ 1820 ಬಗೆಗಳಾಗುವುವೆಂದು ಲೆಕ್ಕಹಾಕಿದನು. ಕನ್ನಡದಲ್ಲಿ ಇಮ್ಮಡಿ ಚಾವುಂಡರಾಯನು ಚಾಳುಕ್ಯ ಜಯಸಿಂಹನ ಆಳ್ವಿಕೆಯಲ್ಲಿ, 1025ರ ಸುಮಾರಿಗೆ ರಚಿಸಿದ ಲೋಕೋಪಕಾರದಲ್ಲಿ ಜ್ಯೋತಿಷ, ವೃಕ್ಷಾಯುರ್ವೇದ, ಪಾಕಶಾಸ್ತ್ರಗಳ ಜೊತೆಗೆ ಸುಗಂಧದ ಪ್ರಕರಣವೂ ಇದೆ. ಮುಂದೆ 1129ರ ಹೊತ್ತಿಗೆ ಮುಮ್ಮಡಿ ಸೋಮೇಶ್ವರನು ಮಾನಸೋಲ್ಲಾಸವನ್ನು ರಚಿಸಿದಾಗ, ಅರಸನು ಯಾವ ಋತುವಿನಲ್ಲಿ ಯಾವ ವಿಲೇಪನವನ್ನು ಲೇಪಿಸಿಕೊಳ್ಳಬೇಕೆಂಬುದನ್ನೂ ಮರೆಯದೆ ನಿರೂಪಿಸಿದನು. ಅರಮನೆಯಲ್ಲಿ ಋತುವನ್ನು ಕಾಣಿಸುತ್ತಿದ್ದುದು ಕಸ್ತೂರಿ, ಕರ್ಪೂರ, ಕುಂಕುಮಕೇಸರಿಗಳು. ಇವುಗಳನ್ನು ಅಯ್ಯಾವೊಳೆ ಐನೂರ್ವರಂತಹ ವರ್ತಕಸಂಘಗಳು ದೂರದೇಶಗಳಿಂದ ತಂದು ಮಾರುತ್ತಿದ್ದುವು. ದವನಕ್ಕಾದರೋ ಹಡಗು ಬೇಡ, ಸಾರ್ಥವಾಹನು ಬೇಡ. ಹಿಂಗಾರಿನ ಹೊತ್ತಿಗೆ ಬಿತ್ತಿದರೆ ನಾಲ್ಕು ತಿಂಗಳೊಳಗೆ ಹೂಬಿಟ್ಟು, ಬೇಸಗೆಯ ಮೊದಲಲ್ಲಿ ಕೊಯ್ಲಿಗೆ ಬರುವ ಬೆಳೆಯದು. ಒಣಗಿದ ಮೇಲೂ ಬಹುಕಾಲ ಪರಿಮಳವನ್ನು ಬಿಡದು. ದೇವರಿಗೆ ವಸಂತವನ್ನು ಮುಟ್ಟಿಸುವ ಕಾರ್ಯಕ್ಕೆ ಬಡವನ ಹಿತ್ತಿಲ ಈ ಗಿಡವೇ ನೇಮಕವಾದುದು ಉಚಿತವಾಗಿಯೇ ಇದೆ.

ಗದಗಿನ ತ್ರಿಕೂಟೇಶ್ವರದ ಶಾಸನವೊಂದನ್ನು ಇಲ್ಲಿ ನೆನೆಯಬೇಕು. ಹೊಯ್ಸಳ ವೀರಬಲ್ಲಾಳನು ಲೊಕ್ಕಿಗುಂಡಿಯಲ್ಲಿ, ಎಂದರೆ ಇಂದಿನ ಲಕ್ಕುಂಡಿಯಲ್ಲಿ, ಬೀಡುಬಿಟ್ಟಿದ್ದಾಗ 1192ರ ಮಾರ್ಗಶಿರ ಹುಣ್ಣಿಮೆಯ ಚಂದ್ರಗ್ರಹಣದಂದು ಹೊಂಬಳಲೆಂಬ ಗ್ರಾಮವನ್ನು ದೇವರ ಅಂಗಭೋಗ-ರಂಗಭೋಗಾದಿಗಳಿಗೆ ಧಾರೆಯೆರೆದನು; ಅದನ್ನು ಕೈಕೊಂಡವರು ಸ್ಥಾನಾಚಾರ್ಯರಾದ ಸಿದ್ಧಾಂತಿ ಚಂದ್ರಭೂಷಣ ಪಂಡಿತದೇವರು. ಇಂತಹ ದತ್ತಿಗಳಲ್ಲಿ ಎರಡು ಕಾಲಗಳು ಎದುರುಬದುರಾಗಿ ನಿಲ್ಲುತ್ತವೆ. ದಾನಕ್ಕೆ ಆಯ್ದ ಮುಹೂರ್ತವು ಗ್ರಹಣದ ಕೆಲವೇ ಗಳಿಗೆಗಳಷ್ಟು ಕಿರಿದು. ದಾನವು ನಡೆಯಬೇಕಾದ ಅವಧಿಯೋ, ಆಚಂದ್ರಾರ್ಕ. ನಡುವೆ ಇರುವುದು ಗಂಧ, ಧೂಪ, ದೀಪಗಳು: ಹೊತ್ತಿಸಿದ ಗಳಿಗೆಯಲ್ಲೇ ಗಾಳಿಗೆ ಕರಗುವ ವಸ್ತುಗಳು. ನಿಮಿಷಮಾತ್ರ ಬಾಳುವ ಪರಿಮಳವೊಂದು ಸೂರ್ಯಚಂದ್ರರಿರುವವರೆಗೆ ಪ್ರತಿದಿನವೂ ಹುಟ್ಟಿಬರಲೆಂದು ಒಂದು ಇಡೀ ಊರಿನ ಆದಾಯವನ್ನು ಕಲ್ಲಿನಲ್ಲಿ ಬರೆಯಿಸಿ ಕಟ್ಟಿಟ್ಟ ಆ ಶ್ರದ್ಧೆಯನ್ನು ನೆನೆದಾಗಲೆಲ್ಲ ನನ್ನ ತಲೆ ಬಾಗುತ್ತದೆ.

ಅರಸರೂ ಕಾಲವನ್ನು ತಮ್ಮ ಹೆಸರಿಗೆ ಬರೆದುಕೊಳ್ಳಲು ಯತ್ನಿಸಿದವರೇ. ಆರನೆಯ ವಿಕ್ರಮಾದಿತ್ಯನು 1076ರಲ್ಲಿ ಶಕವರ್ಷವನ್ನು ಬದಿಗಿರಿಸಿ ಚಾಳುಕ್ಯ ವಿಕ್ರಮವರ್ಷವೆಂಬ ಹೊಸ ಗಣನೆಯನ್ನು ಹೂಡಿದನು. ಈ ಸೀಮೆಯ ಎಷ್ಟೋ ಶಾಸನಗಳು ಆ ಗಣನೆಯಲ್ಲಿಯೇ ಇವೆ. ವಂಶದೊಡನೆ ಅದೂ ಬಳಕೆಯಿಂದ ಜಾರಿತು. ದೇವಾಲಯಗಳ ಮಾನ್ಯಗಳು ಕೈಬದಲಾದುವು, ಚೈತ್ರಪವಿತ್ರಕ್ಕೆಂದು ಬಿಟ್ಟ ಹೊಲಗಳ ಎಲ್ಲೆಗಳು ಅಳಿಸಿದುವು. ದವನದ ಹುಣ್ಣಿಮೆಗೆ ಮಾತ್ರ ಯಾವ ರಾಜಾಜ್ಞೆಯ ಆಸರೆಯೂ ಬೇಕಾಗಲಿಲ್ಲ. ಗರ್ಭಗುಡಿಯ ವಿಧಿಯಿಂದ ಹೊರಬಂದು ಅದು ತೇರಿನ ಬೀದಿಗೆ ಇಳಿಯಿತು. ಕನ್ನಡನಾಡಿನ ಅನೇಕ ತೇರುಗಳಲ್ಲಿ ಬಾಳೆಹಣ್ಣಿಗೆ ದವನದ ಎಸಳನ್ನು ಸಿಕ್ಕಿಸಿ ಕಳಸದತ್ತ ಎಸೆಯುವ ಕೈಗಳು, ಸೋಮಶಂಭುವಿನ ಹೆಸರನ್ನು ಕೇಳಿರದಿದ್ದರೂ, ದಮನಾರೋಪಣವನ್ನೇ ನಡೆಸುತ್ತಿವೆ. ಇಂದು ಕರ್ನಾಟಕದಲ್ಲಿ ದವನವನ್ನು ಹೆಚ್ಚಾಗಿ ಬೆಳೆಯುವುದು ಎಣ್ಣೆ ಇಳಿಸುವುದಕ್ಕಾಗಿ. ಆ ಎಣ್ಣೆ ಪರದೇಶದ ಅತ್ತರುಗಳಿಗೆ ಸಲ್ಲುತ್ತದೆ. ವೀರಬಲ್ಲಾಳನು ಧಾರೆಯೆರೆದ ಹೊಂಬಳಲು ಈಗ ಹೊಂಬಳವಾಗಿ ಗದಗ ತಾಲೂಕಿನಲ್ಲಿಯೇ ಇದೆ. ನಮ್ಮ ಸಂಶೋಧಕರು ಈ ಸೀಮೆಯ ಶಾಸನಗಳಲ್ಲಿ ಚೈತ್ರಪವಿತ್ರದ ದತ್ತಿಗಳನ್ನು ಊರೂರಿನಂತೆ ಆಯ್ದು, ಇಂದಿಗೂ ದವನದ ಹುಣ್ಣಿಮೆಗೆ ತೇರೆಳೆಯುವ ಊರುಗಳ ಪಟ್ಟಿಯೊಡನೆ ಒತ್ತಟ್ಟಿಗಿಟ್ಟು ನೋಡುವ ಕೆಲಸವನ್ನು ಕೈಗೊಳ್ಳಲೆಂದು ಬೇಡುತ್ತೇನೆ.